ಗೂಡಿನಿಂದ ಕ್ಯಾಸೆಟ್ಟಿಗೆ: ಮೂರು ತಾಲ್ಲೂಕುಗಳ ವಿಡಿಯೊ ಅಂಗಡಿ ಕುರಿತ ಮಹಾಪ್ರಬಂಧದ ಸಾರ

ಪೀಠಿಕೆ

ಕೊಳ್ಳೇಗಾಲ, ಹನೂರು, ಯಳಂದೂರು ಸೀಮೆಯಲ್ಲಿ ಸಂಶೋಧಕರ ಕೈಗೆ ಸಿಗದೆ ಉಳಿದದ್ದು ಬಹಳ ಕಡಿಮೆ. ಮಾದಪ್ಪನ ಕಥೆಯನ್ನು ಕಂಸಾಳೆಯವರಿಂದ ಹಾಡಿಸಿ ಬರೆದುಕೊಂಡವರಿದ್ದಾರೆ. ಚಿಕ್ಕಲ್ಲೂರು ಜಾತ್ರೆಯಲ್ಲಿ ನೀಲಗಾರರ ಹಿಂದೆ ಟೇಪ್ ರೆಕಾರ್ಡರ್ ಹಿಡಿದು ಓಡಾಡಿದವರಿದ್ದಾರೆ. ಯಳಂದೂರಿನ ಬಳೆ ಮಂಟಪದ ಕಲ್ಲಿನ ಬಳೆಗಳನ್ನು ಎಣಿಸಿ, ಲೆಕ್ಕ ತಪ್ಪಿತೆಂದು ಮತ್ತೆ ಎಣಿಸಿದವರೂ ಇರಬೇಕು. ಸಂಚಿಯ ಹೊನ್ನಮ್ಮ, ಷಡಕ್ಷರದೇವ, ಅಗರದಲ್ಲಿ ಹುಟ್ಟಿದ ಸಂಸ, ಇವರ ಮೇಲೆ ಬರೆದವರಿಗಂತೂ ಬರವಿಲ್ಲ. ಬಿಟ್ಟುಹೋದದ್ದು ಒಂದೇ: ಬಸ್ ಸ್ಟ್ಯಾಂಡಿನ ಬಳಿ, ಸೈಕಲ್ ಶಾಪಿಗೂ ಟೈಲರ್ ಅಂಗಡಿಗೂ ನಡುವೆ, ಎಂಟಡಿ ಅಗಲದ ಮಳಿಗೆಯಲ್ಲಿ ಕೂತು ಈ ಸೀಮೆಯ ಜನರ ನಿದ್ದೆ ಕೆಡಿಸಿದ ವಿಡಿಯೊ ಅಂಗಡಿ.

ಆ ಕೊರತೆಯನ್ನು ತುಂಬಲು ನಾನು ಟೊಂಕ ಕಟ್ಟಿದ್ದೇನೆ. ಈ ಸಂಶೋಧನೆಯ ಹಿಂದೆ ನನ್ನ ಸ್ವಂತದ್ದೇನೋ ಒಂದು ವ್ಯವಹಾರ ಇದೆ ಎಂದು ಕೆಲವರು ಆಡಿಕೊಳ್ಳುತ್ತಿದ್ದಾರೆ. ಇದೆ. ಅದನ್ನು ಕೊನೆಯಲ್ಲಿ ಒಪ್ಪಿಕೊಳ್ಳುತ್ತೇನೆ. ಅಲ್ಲಿಯವರೆಗೆ ಓದುಗರು ಇದನ್ನು ಶುದ್ಧ ಜ್ಞಾನದಾಹವೆಂದೇ ತಿಳಿಯತಕ್ಕದ್ದು.

ಶೋಧದ ವ್ಯಾಪ್ತಿಯ ಬಗ್ಗೆ ಒಂದು ಮಾತು. ವಿಡಿಯೊ ಯುಗದಲ್ಲಿ ಹನೂರು ತಾಲ್ಲೂಕೇ ಆಗಿರಲಿಲ್ಲ, ಕೊಳ್ಳೇಗಾಲದೊಳಗೇ ಇತ್ತು. ಹೊಸ ತಾಲ್ಲೂಕುಗಳ ಪಟ್ಟಿಯಲ್ಲಿ ಅದರ ಹೆಸರು ಬಂದದ್ದು 2017ರ ಬಜೆಟ್ಟಿನಲ್ಲಿ. ಚಾಮರಾಜನಗರ ಜಿಲ್ಲೆಯೂ 1997ರದ್ದು, ಅದಕ್ಕೆ ಮೊದಲು ನಾವೆಲ್ಲ ಮೈಸೂರಿನವರು. ಇನ್ನೂ ಹಿಂದಕ್ಕೆ ಹೋದರೆ ಕೊಳ್ಳೇಗಾಲ ಮದರಾಸಿನ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು. ಮದರಾಸಿನವರು ಬಹುಕಾಲ ಇಟ್ಟುಕೊಂಡು 1956ರ ನವೆಂಬರ್ 1ರಂದು ಹಿಂದಿರುಗಿಸಿದರು. ತಡವಾದದ್ದಕ್ಕೆ ದಂಡ ಕಟ್ಟಿದ ದಾಖಲೆ ಎಲ್ಲೂ ಸಿಕ್ಕಿಲ್ಲ. ರಿವೈಂಡ್ ಮಾಡದೆ ಕೊಟ್ಟದ್ದರಿಂದಲೇ ಮಾರ್ಟಳ್ಳಿ ಕಡೆ ಇವತ್ತಿಗೂ ತಮಿಳು ಓಡುತ್ತಿದೆ. ಹೀಗೆ ಇಡೀ ತಾಲ್ಲೂಕೇ ಒಮ್ಮೆ ಬಾಡಿಗೆಗೆ ಹೋಗಿ ಬಂದಿರುವಾಗ, ಬಾಡಿಗೆ ಸಂಸ್ಕೃತಿಯ ಅಧ್ಯಯನಕ್ಕೆ ಇದಕ್ಕಿಂತ ತಕ್ಕ ಜಾಗ ಇನ್ನೆಲ್ಲಿ?

ಅಧ್ಯಾಯ 1: ಮೂಲ

ವಿಎಚ್‌ಎಸ್ ಕ್ಯಾಸೆಟ್ಟನ್ನು ಜಪಾನಿನ ಜೆವಿಸಿ ಕಂಪನಿ 1976ರಲ್ಲಿ ಮಾರುಕಟ್ಟೆಗೆ ಬಿಟ್ಟಿತು, ಒಂದು ವರ್ಷ ಮೊದಲೇ ಬಂದಿದ್ದ ಸೋನಿಯ ಬೀಟಾಮ್ಯಾಕ್ಸನ್ನು ಅದು ಮೂಲೆಗೆ ತಳ್ಳಿತು, 1982ರ ದೆಹಲಿ ಏಷ್ಯನ್ ಕ್ರೀಡಾಕೂಟದ ಹೊತ್ತಿಗೆ ಬಣ್ಣದ ಟಿವಿಯ ಬೆನ್ನು ಹತ್ತಿ ನಮ್ಮ ದೇಶದಲ್ಲೂ ಹರಡಿತು ಎಂಬುದು ಲೋಕದ ಮಾತು. ನನ್ನ ಸಿದ್ಧಾಂತ ಬೇರೆ. ಕ್ಯಾಸೆಟ್ಟು ಹುಟ್ಟಿದ್ದು ರೇಷ್ಮೆ ಗೂಡಿನಿಂದ. ಆದ್ದರಿಂದ ಅದರ ತವರು ಕೊಳ್ಳೇಗಾಲ.

ಮೊದಲು ಆಕಾರ ನೋಡಿ. ಹೊರಗೆ ಗಟ್ಟಿ ಕವಚ, ಒಳಗೆ ಸುತ್ತಿಕೊಂಡ ಉದ್ದನೆಯ ಎಳೆ. ಬಿಚ್ಚಿದರೆ ಮಾತ್ರ ಬೆಲೆ. ಬಿಚ್ಚುವಾಗ ಎಳೆ ತುಂಡಾದರೆ ನೂಲು ಬಿಚ್ಚುವವನ ಬಾಯಿಂದ ಬರುವ ಮಾತೂ ವಿಡಿಯೊ ಹಾಕುವವನ ಬಾಯಿಂದ ಬರುವ ಮಾತೂ ಅಕ್ಷರಶಃ ಒಂದೇ ಎಂಬುದನ್ನು ಕ್ಷೇತ್ರಕಾರ್ಯದಲ್ಲಿ ಖಚಿತಪಡಿಸಿಕೊಂಡಿದ್ದೇನೆ, ಅಚ್ಚು ಮಾಡುವಂತಿಲ್ಲ. ಭಾಷಿಕ ಪುರಾವೆಯೂ ಇದೆ. ‘ರೀಲು’ ಎಂಬ ಮಾತಿಗೆ ನಮ್ಮೂರಿನಲ್ಲಿ ಮೂರು ಅರ್ಥ: ದೇವಾಂಗಪೇಟೆಗೆ ಅದು ನೂಲು, ಟಾಕೀಸಿಗೆ ಪಿಚ್ಚರು, ಮಿಕ್ಕವರಿಗೆ ಸುಳ್ಳು. ಸಂಶೋಧಕನಾದ ನನಗೆ ಮೂರನೆಯದು ಹೆಚ್ಚು ಹತ್ತಿರ.

ಇನ್ನು ಗಣಿತ. ಮೂರು ಗಂಟೆಯ ಒಂದು ಕ್ಯಾಸೆಟ್ಟಿನಲ್ಲಿ ಅರ್ಧ ಇಂಚು ಅಗಲದ ಟೇಪು ಸುಮಾರು 258 ಮೀಟರ್. ಒಳ್ಳೆಯ ಬೈವೋಲ್ಟೀನ್ ಗೂಡಿನಿಂದ ಬಿಚ್ಚಿಕೊಳ್ಳುವ ಎಳೆ ಸಾವಿರ ಮೀಟರಿನ ಆಸುಪಾಸು. ನಾಲ್ಕು ಕ್ಯಾಸೆಟ್ಟು ಕೂಡಿಸಿದರೆ 1032 ಮೀಟರ್, ಅಂದರೆ ಒಂದು ಗೂಡು. ಹಳ್ಳಿಯವರು ಟಿವಿ, ವಿಸಿಪಿ ಬಾಡಿಗೆಗೆ ಹಿಡಿದರೆ ಒಂದು ರಾತ್ರಿಗೆ ಎಷ್ಟು ಪಿಚ್ಚರ್ ಕೊಡುತ್ತಿದ್ದರು? ನಾಲ್ಕು. ರೇಷ್ಮೆ ಹುಳು ಗೂಡು ಕಟ್ಟುವ ಮೊದಲು ಎಷ್ಟು ಜ್ವರ ದಾಟಬೇಕು? (ಹುಳು ಪೊರೆ ಬಿಡುವುದಕ್ಕೆ ನಮ್ಮ ಕಡೆ ಜ್ವರ ಎಂದೇ ಹೆಸರು.) ಅದೂ ನಾಲ್ಕು. ಇದನ್ನು ಕಾಕತಾಳೀಯ ಎನ್ನುವವರು ಜನ್ಮದಲ್ಲಿ ಹುಳ ಸಾಕಿದವರಲ್ಲ.

ಇಷ್ಟಾದ ಮೇಲೂ ಜಪಾನು ಜಪಾನು ಎನ್ನುವವರಿಗಾಗಿ ಇನ್ನೊಂದು ಸಂಗತಿ. ಜೆವಿಸಿಯ ನೆಲೆ ಯೊಕೊಹಾಮ. ಯೊಕೊಹಾಮ ಒಂದು ಕಾಲಕ್ಕೆ ಯಾವುದಕ್ಕೆ ಹೆಸರಾದ ಬಂದರು ಎಂದು ಹುಡುಕಿದೆ. ರೇಷ್ಮೆ ನೂಲು ರಫ್ತಿಗೆ! ಅದೇ ಜಪಾನಿನವರು 1991ರಿಂದ ಮೈಸೂರಿನ ರೇಷ್ಮೆ ಸಂಶೋಧನಾ ಸಂಸ್ಥೆಯ ಜೊತೆ ಸೇರಿ ಬೈವೋಲ್ಟೀನ್ ತಳಿಗಾಗಿ ದುಡಿದರು. ಇಲ್ಲಿಗೆ ಬರುವಷ್ಟರಲ್ಲಿ ನನ್ನ ಸಿದ್ಧಾಂತ ನನಗೇ ಸ್ವಲ್ಪ ಹೆದರಿಕೆ ಹುಟ್ಟಿಸತೊಡಗಿತು. ಅಧ್ಯಾಯ ಮುಗಿಸಿದೆ.

ಅಧ್ಯಾಯ 2: ಗ್ರಂಥ ಸಂಪಾದನೆ

ಓಲೆಗರಿಗೆ ಗೆದ್ದಲು ಹೇಗೋ ಕ್ಯಾಸೆಟ್ಟಿಗೆ ಬೂಷ್ಟು ಹಾಗೆ. ಮಳೆಗಾಲ ಕಳೆದ ಮೇಲೆ ಟೇಪಿನ ಅಂಚಿನಲ್ಲಿ ಬಿಳಿ ಪುಡಿ ಕಾಣಿಸಿತೆಂದರೆ ಗ್ರಂಥಪಾತ ಶುರು. ಆದರೆ ನಮ್ಮ ಸೀಮೆಯ ಪ್ರತಿಗಳನ್ನು ಕೆಡಿಸಿದ್ದು ಬೂಷ್ಟಿಗಿಂತ ಹೆಚ್ಚಾಗಿ ಲಿಪಿಕಾರರು. ಟಾಕೀಸಿನ ಹಿಂದಿನ ಸಾಲಿನಲ್ಲಿ ಕ್ಯಾಮೆರಾ ಇಟ್ಟು ತೆಗೆದ ಪ್ರತಿಗಳಲ್ಲಿ ನಾಯಕಿ ಅಳುತ್ತಿರುವಾಗಲೇ ಒಂದು ಕಪ್ಪು ತಲೆ ಎಡದಿಂದ ಬಲಕ್ಕೆ ಹಾದುಹೋಗುತ್ತದೆ, ಎರಡು ನಿಮಿಷ ಬಿಟ್ಟು ಬಲದಿಂದ ಎಡಕ್ಕೆ ಬಂದು ಕೂರುತ್ತದೆ. ಇದು ಸ್ಪಷ್ಟವಾಗಿ ಪ್ರಕ್ಷಿಪ್ತ. ಮೂಲ ಕರ್ತೃವಿಗೆ ಆ ತಲೆಯ ಕಲ್ಪನೆ ಇದ್ದಿರಲಾರದು. ಆದರೆ ಹತ್ತು ಸಲ ಅದೇ ಕ್ಯಾಸೆಟ್ಟು ನೋಡಿದ ಮೇಲೆ ಟಾಕೀಸಿಗೆ ಹೋಗಿ ಅದೇ ಪಿಚ್ಚರ್ ನೋಡಿದಾಗ, ಸರಿಯಾದ ಜಾಗದಲ್ಲಿ ತಲೆ ಬರಲಿಲ್ಲವೆಂದು ನನಗೆ ಕಸಿವಿಸಿಯಾದದ್ದುಂಟು.

ಅದಕ್ಕಿಂತ ಘೋರವಾದದ್ದು ಸೆಲ್ಲೋಟೇಪು. ಕ್ಯಾಸೆಟ್ಟಿನ ಬೆನ್ನಿನ ಮೂಲೆಯಲ್ಲಿ ಒಂದು ಸಣ್ಣ ಪ್ಲಾಸ್ಟಿಕ್ ಚೂರು ಇರುತ್ತದೆ. ಅದನ್ನು ಮುರಿದುಬಿಟ್ಟರೆ ಆ ಕ್ಯಾಸೆಟ್ಟಿನ ಮೇಲೆ ಬೇರೇನೂ ರೆಕಾರ್ಡ್ ಆಗುವುದಿಲ್ಲ. ತೂತಿಗೆ ಸೆಲ್ಲೋಟೇಪು ಅಂಟಿಸಿದರೆ ಮತ್ತೆ ಆಗುತ್ತದೆ. ಮದುವೆ ಸೀಸನ್ನಿನಲ್ಲಿ ಖಾಲಿ ಕ್ಯಾಸೆಟ್ಟು ಸಾಲದೆ ಬಂದಾಗ ನಮ್ಮ ಅಂಗಡಿಯವರೇ ವಿಡಿಯೊಗ್ರಾಫರ್ ಆಗಿ, ಹಳೆಯ ಪಿಚ್ಚರಿನ ತೂತಿಗೆ ಸೆಲ್ಲೋಟೇಪು ಮೆತ್ತಿ ಹೊರಟುಬಿಡುತ್ತಿದ್ದರು. ನಾನು ಪರಿಶೀಲಿಸಿದ ಒಂದು ಪ್ರತಿಯಲ್ಲಿ ಖಳನಾಯಕ ಕತ್ತಿ ಎತ್ತುತ್ತಾನೆ, ಪರದೆಯ ಮೇಲೆ ಗೆರೆಗಳು ಓಡುತ್ತವೆ, ತಟ್ಟನೆ ಮಾಂಬಳ್ಳಿ ಕಡೆಯ ಒಂದು ಧಾರೆ. ಒಂದು ಗಂಟೆ ಹೊತ್ತು ಮುಯ್ಯಿ ಮಾಡುವವರ ಸಾಲು. ಕೊನೆಯಲ್ಲಿ ಹೆಣ್ಣು ಒಪ್ಪಿಸಿಕೊಡುವಾಗ ಮತ್ತೆ ಗೆರೆ, ಮತ್ತೆ ಪಿಚ್ಚರ್. ಅಷ್ಟರಲ್ಲಿ ಖಳನಾಯಕ ಸತ್ತಿದ್ದಾನೆ. ಯಾರು ಕೊಂದರೆಂಬುದನ್ನು ಆ ಊರಿನಲ್ಲಿ ಈಗಲೂ ಊಹಿಸುತ್ತಾರೆ. ವರನ ಸೋದರಮಾವನ ಮೇಲೆ ಅನುಮಾನ ಹೆಚ್ಚು.

ಶಾಸನ ವಿಭಾಗ. 1984ರಲ್ಲಿ ಕಾಪಿರೈಟ್ ಕಾಯ್ದೆಗೆ ತಿದ್ದುಪಡಿ ತಂದು, ವಿಡಿಯೊ ಕ್ಯಾಸೆಟ್ಟಿನ ಮೇಲೆ ಸೆನ್ಸಾರ್ ಸರ್ಟಿಫಿಕೇಟು, ತಯಾರಿಸಿದವರ ಹೆಸರು, ವಿಳಾಸ, ಹಕ್ಕುದಾರರ ಒಪ್ಪಿಗೆ ಪಡೆದ ಘೋಷಣೆ ಇವೆಲ್ಲ ಇರಬೇಕೆಂದು ವಿಧಿಸಿದರು. ನಮ್ಮ ಅಂಗಡಿಯ ಕ್ಯಾಸೆಟ್ಟುಗಳ ಮೇಲೆ ಇದ್ದದ್ದು ಬಾಲ್‌ಪೆನ್ನಿನಲ್ಲಿ ಬರೆದ ‘ಒಳ್ಳೆ ಪ್ರಿಂಟ್’ ಎಂಬ ಎರಡು ಪದ. ದಾನಶಾಸನಗಳ ಕೊನೆಗೆ ಇರುವ ಶಾಪಾಶಯ ಮಾತ್ರ ತಪ್ಪದೆ ಪಿಚ್ಚರಿನ ಮೊದಲಿಗೆ ಬರುತ್ತಿತ್ತು: ಕಳ್ಳಪ್ರತಿ ಮಾಡಿದವರಿಗೆ ಜೈಲು, ಜುಲ್ಮಾನೆ. ಅದು ಕಳ್ಳಪ್ರತಿಯಲ್ಲೂ ಬರುತ್ತಿತ್ತು. ಹಳೆಯ ಶಾಸನಗಳಲ್ಲಿ ದಾನ ಕೆಡಿಸಿದವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟುತ್ತಾನೆ ಎಂದಿರುತ್ತದೆ. ಈ ಶಾಪ ಕೊಳ್ಳೇಗಾಲದಲ್ಲಿ ನಾಟುವುದಿಲ್ಲ. ಇಲ್ಲಿ ಹುಳುವಿಗೆ ಹೊತ್ತುಹೊತ್ತಿಗೆ ಹಿಪ್ಪುನೇರಳೆ ಸೊಪ್ಪು, ಮಲಗಲು ತಟ್ಟೆ, ಗೂಡು ಕಟ್ಟಲು ಚಂದ್ರಿಕೆ. ಸಾಕಿದವರೇ ಊಟ ಬಿಟ್ಟು ಅದರ ಜ್ವರ ಕಾಯುತ್ತಾರೆ.

ಅಧ್ಯಾಯ 3: ಜಾಗರಣೆ

ಮಾದಪ್ಪನ ಕಥೆಯನ್ನು ಇಡೀ ರಾತ್ರಿ ಕೇಳಿ ರೂಢಿಯಾದ ಜನಕ್ಕೆ ನಾಲ್ಕು ಪಿಚ್ಚರ್ ಯಾವ ಲೆಕ್ಕ? ಶಿವರಾತ್ರಿ, ಮಾರಿಹಬ್ಬ, ಗಣಪತಿ, ಮದುವೆಯ ಹಿಂದಿನ ದಿನ, ಕಡೆಗೆ ಗೃಹಪ್ರವೇಶಕ್ಕೂ ‘ವಿಡಿಯೊ ಹಾಕ್ಸೋದು’ ಕಡ್ಡಾಯವಾಗಿತ್ತು. ಅಂಗಡಿಯ ಹುಡುಗ ಟಿವಿಯನ್ನು ಹಾಸಿಗೆಯಲ್ಲಿ ಸುತ್ತಿ, ಬಸ್ಸಿನಲ್ಲಿ ತೊಡೆಯ ಮೇಲೆ ಕೂರಿಸಿಕೊಂಡು, ಎರಡು ಟಿಕೆಟ್ ತೆಗೆದುಕೊಂಡು ಬರುತ್ತಿದ್ದ. ಟಿವಿಗೆ ಫುಲ್ ಟಿಕೆಟ್ಟು, ವಿಸಿಪಿಗೆ ಲಗೇಜು. ಗುಡಿಯ ಜಗುಲಿಯ ಮೇಲೆ ಟಿವಿ ಕೂರಿಸಿ ಅದಕ್ಕೆ ಊದುಬತ್ತಿ ಬೆಳಗಿದ ಮೇಲೆಯೇ ಪ್ಲಗ್ಗು.

ಪಿಚ್ಚರುಗಳ ಕ್ರಮ ಆಗಮೋಕ್ತವಾಗಿತ್ತು. ಮೊದಲನೆಯದು ದೇವರದ್ದು, ‘ಭಕ್ತ ಪ್ರಹ್ಲಾದ’ ಅಥವಾ ‘ಶಿವ ಮೆಚ್ಚಿದ ಕಣ್ಣಪ್ಪ’. ಮುದುಕರು ಕೈಮುಗಿದು ಮನೆಗೆ ಹೋಗುತ್ತಿದ್ದರು. ಎರಡನೆಯದು ಅಣ್ಣಾವ್ರದ್ದು, ಹೆಂಗಸರು ಕಣ್ಣೊರೆಸಿಕೊಂಡು ಹೋಗುತ್ತಿದ್ದರು. ಮೂರನೆಯದು ‘ಸಾಂಗ್ಲಿಯಾನ’ದಂಥದ್ದು, ಮಕ್ಕಳು ಚಾಪೆಯ ಮೇಲೇ ಉರುಳುತ್ತಿದ್ದವು. ನಾಲ್ಕನೆಯದು ತಮಿಳು, ರಜನಿಯದ್ದು. ಗಡಿ ಸೀಮೆ ನೋಡಿ, ಮೂರು ಗಂಟೆ ರಾತ್ರಿಯಲ್ಲಿ ಭಾಷೆ ಕೇಳುವವರಿರಲಿಲ್ಲ.

ಕರೆಂಟಿನ ವಿಚಾರದಲ್ಲಿ ಮಾತ್ರ ಚರಿತ್ರೆ ನಮಗೆ ಅನ್ಯಾಯ ಮಾಡಿದೆ. ಕಾವೇರಿಯ ಶಿವನಸಮುದ್ರದಲ್ಲಿ 1902ರಲ್ಲೇ ವಿದ್ಯುತ್ತು ತೆಗೆದು ಸುಮಾರು 147 ಕಿಲೋಮೀಟರ್ ದೂರದ ಕೋಲಾರದ ಚಿನ್ನದ ಗಣಿಗೆ ಕಳಿಸಿದರು. ಜಲಪಾತದ ಸದ್ದು ಕೇಳುವ ದೂರದಲ್ಲಿದ್ದ ನಮಗೆ 1990ರಲ್ಲೂ ಸ್ಟೆಬಿಲೈಸರ್ ಇಲ್ಲದೆ ಪಿಚ್ಚರ್ ನಿಲ್ಲುತ್ತಿರಲಿಲ್ಲ. ವೋಲ್ಟೇಜು ಇಳಿದರೆ ನಾಯಕ ಕುಗ್ಗಿ ಖಳನಾಯಕನಂತಾಗುತ್ತಿದ್ದ. ಕರೆಂಟು ಹೋದರೆ ಯಾರೂ ಎದ್ದು ಹೋಗುತ್ತಿರಲಿಲ್ಲ. ಮುಂದೇನಾಗುತ್ತದೆಂದು ಮೊದಲೇ ನೋಡಿದವನೊಬ್ಬ ಕತ್ತಲಲ್ಲಿ ಕಥೆ ಹೇಳುತ್ತಿದ್ದ. ಕರೆಂಟು ಬಂದ ಮೇಲೆ ಪಿಚ್ಚರ್ ಅವನು ಹೇಳಿದ್ದಕ್ಕಿಂತ ಸಪ್ಪೆಯಾಗಿರುತ್ತಿತ್ತು. ಕಂಸಾಳೆ ಪರಂಪರೆ ಎಲ್ಲಿಗೂ ಹೋಗಿಲ್ಲ ಎನ್ನುವುದಕ್ಕೆ ಇನ್ನೇನು ಬೇಕು?

ಅಧ್ಯಾಯ 4: ಸೈದ್ಧಾಂತಿಕ ಚೌಕಟ್ಟು

ಕರೆಂಟು ಹೋದ ಕಾರಣ ಈ ಅಧ್ಯಾಯ ಪೂರ್ಣಗೊಂಡಿಲ್ಲ.

ಅಧ್ಯಾಯ 5: ಅಂಗಡಿ

ನಾನು ಬಲ್ಲ ಅಂಗಡಿಯ ಯಜಮಾನರನ್ನು ನಾವೆಲ್ಲ ಅಣ್ಣ ಎನ್ನುತ್ತಿದ್ದೆವು. ಮೂರು ಗೋಡೆಗೂ ಹಲಗೆ, ಹಲಗೆಯ ಮೇಲೆ ಬೆನ್ನು ತೋರಿಸಿ ನಿಂತ ಕ್ಯಾಸೆಟ್ಟುಗಳು. ಗಲ್ಲಾಪೆಟ್ಟಿಗೆಯ ಮೇಲೆ ಗಣಪತಿ, ಲಕ್ಷ್ಮಿ, ಮಾದಪ್ಪ, ರಾಜ್‌ಕುಮಾರ್. ಅದರ ಕೆಳಗೆ ಎರಡು ಬೋರ್ಡು: ‘ಸಾಲ ಕೇಳಬೇಡಿ’, ‘ರಿವೈಂಡ್ ಮಾಡದ ಕ್ಯಾಸೆಟ್ ವಾಪಸ್ ತಗೊಳ್ಳುವುದಿಲ್ಲ’. ಮೊದಲನೆಯದನ್ನು ಅವರೇ ಮುರಿಯುತ್ತಿದ್ದರು. ಎರಡನೆಯದು ಶಿಲಾಶಾಸನ.

ಸ್ಪಿರಿಟ್ಟಿನ ವಾಸನೆ ಆ ಅಂಗಡಿಯ ಗುರುತು. ವಿಸಿಪಿಯ ಮುಚ್ಚಳ ಬಿಚ್ಚಿ, ನಿಮಿಷಕ್ಕೆ 1500 ಸುತ್ತು ತಿರುಗುವ ಹೆಡ್ಡನ್ನು ಬಿಳಿ ಬಟ್ಟೆಯಲ್ಲಿ ಅವರು ಒರೆಸುತ್ತಿದ್ದದ್ದು ಕೂಸಿನ ಕಿವಿ ಒರೆಸಿದ ಹಾಗೆ. ಆಗ ಮಾತಾಡಿಸಿದರೆ ಉತ್ತರ ಇಲ್ಲ. ಮುಗಿಸಿ, ಕ್ಯಾಸೆಟ್ಟು ತೂರಿಸಿ, ಬಣ್ಣ ಕಂಡ ಮೇಲೆ, ‘ಈಗ ಕೇಳ್ಲಾ, ಏನ್ ಬೇಕು?’

ಆದರೆ ಈ ಸಂಶೋಧನೆಗೆ ಸಿಕ್ಕ ನಿಜವಾದ ಆಕರ ಕ್ಯಾಸೆಟ್ಟಲ್ಲ, ಅಣ್ಣನ ನೋಟುಬುಕ್ಕು. ಯಾರು ಯಾವ ಪಿಚ್ಚರ್ ಎಂದು ಕೊಂಡೊಯ್ದರು, ಎಂದು ತಂದರು, ಎಲ್ಲ ಅದರಲ್ಲಿದೆ. ಹೆಸರುಗಳಿಲ್ಲ, ಗುರುತುಗಳಷ್ಟೇ: ‘ಹಿಟ್ಟಿನ ಗಿರಣಿ’, ‘ಬ್ಯಾಂಕ್ ಕನ್ನಡಕ’, ‘ಬುಲೆಟ್’, ‘ನರ್ಸಮ್ಮನ ತಮ್ಮ’. ಪುಟ ತಿರುಗಿಸುತ್ತ ಹೋದರೆ ಊರಿನ ಒಳಗು ಕಾಣುತ್ತದೆ. ‘ಬ್ಯಾಂಕ್ ಕನ್ನಡಕ’ ಸೋಮವಾರ ಇಂಗ್ಲಿಷ್ ಹೊಡೆದಾಟ ತೆಗೆದುಕೊಂಡು ಮಂಗಳವಾರ ಬೆಳಿಗ್ಗೆಯೇ ಹಿಂದಿರುಗಿಸುತ್ತಾನೆ. ‘ಹಿಟ್ಟಿನ ಗಿರಣಿ’ ಒಂದೇ ವರ್ಷದಲ್ಲಿ ಹನ್ನೊಂದು ಸಲ ‘ಬಂಗಾರದ ಮನುಷ್ಯ’ ತೆಗೆದುಕೊಂಡಿದೆ. ಹನ್ನೆರಡನೆಯ ಸಲದ ಮುಂದೆ ಬಾಡಿಗೆಯ ಜಾಗದಲ್ಲಿ ಸೊನ್ನೆ. ಯಾಕೆಂದು ಕೇಳಿದೆ. ‘ಆ ವರ್ಸ ಮಗ ಮನ ಬುಟ್ಟು ಹೋಗಿದ್ದ ಕನಪ್ಪ ಅವ್ರದ್ದು’ ಎಂದರು. ಪ್ರಬಂಧದಲ್ಲಿ ಇದನ್ನು ಎಲ್ಲಿ ಸೇರಿಸಬೇಕೆಂದು ತಿಳಿಯದೆ ಇಲ್ಲಿ ಇಟ್ಟಿದ್ದೇನೆ.

ಅಧ್ಯಾಯ 6: ಅವನತಿ

1994ರಲ್ಲಿ ಉದಯ ಟಿವಿ ಬಂತು, ಕೇಬಲ್ಲು ಬಂತು. ಅಂಗಡಿ ಅಲುಗಾಡಿತು, ಬೀಳಲಿಲ್ಲ. ಕೇಬಲ್ಲಿನವರಿಗೂ ರಾತ್ರಿ ಹತ್ತರ ಪಿಚ್ಚರಿಗೆ ಕ್ಯಾಸೆಟ್ಟು ಅಣ್ಣನ ಅಂಗಡಿಯಿಂದಲೇ ಹೋಗಬೇಕಿತ್ತು.

2000ದ ಜುಲೈ 30ರ ರಾತ್ರಿ ಗಾಜನೂರಿನಿಂದ ರಾಜ್‌ಕುಮಾರ್ ಅವರನ್ನು ವೀರಪ್ಪನ್ ಕಾಡಿಗೆ ಕರೆದೊಯ್ದ. ಅವನ ಹುಟ್ಟೂರು ಗೋಪಿನಾಥಂ ಇರುವುದು ಈಗಿನ ಹನೂರು ತಾಲ್ಲೂಕಿನಲ್ಲಿ. ನವೆಂಬರ್ 15ರವರೆಗೆ, 108 ದಿನ, ಕ್ಯಾಸೆಟ್ಟು ಎಂಬ ಮಾತಿನ ಅರ್ಥವೇ ಬದಲಾಗಿಹೋಯಿತು. ‘ಕ್ಯಾಸೆಟ್ ಬಂತಂತೆ’ ಎಂದರೆ ಹೊಸ ಪಿಚ್ಚರ್ ಅಲ್ಲ, ಕಾಡಿನಿಂದ ಬಂದ ದನಿ. ಈ ಸೀಮೆಯ ಅತ್ಯಂತ ಹೆಸರಾದ ಕ್ಯಾಸೆಟ್ಟುಗಳು ಯಾವ ಅಂಗಡಿಯಿಂದಲೂ ಬಂದವಲ್ಲ, ಅವುಗಳಿಗೆ ಬಾಡಿಗೆಯೂ ಇರಲಿಲ್ಲ. ಅಣ್ಣ ಅಷ್ಟು ದಿನವೂ ಗಲ್ಲಾಪೆಟ್ಟಿಗೆಯ ಮೇಲಿನ ರಾಜ್‌ಕುಮಾರ್ ಪಟಕ್ಕೆ ಬೆಳಿಗ್ಗೆ ಹೂ ಇಡುತ್ತಿದ್ದರು. ಆಮೇಲೆ ಯಾರೋ, ಹೂ ಇಡಬೇಡಿ ಅಣ್ಣ, ಅಪಶಕುನ ಎಂದ ಮೇಲೆ ಹೂ ತೆಗೆದು ಊದುಬತ್ತಿಯನ್ನಷ್ಟೇ ಉಳಿಸಿಕೊಂಡರು.

ಕೊಂದದ್ದು ಕೊನೆಗೆ ಅಗ್ಗದ ಬಿಲ್ಲೆ. 2007ರ ಸುಮಾರಿಗೆ ಮೋಸರ್ ಬೇರ್ ಕಂಪನಿ 28 ರೂಪಾಯಿಗೆ ಪಿಚ್ಚರಿನ ವಿಸಿಡಿ ಮಾರತೊಡಗಿತು. ಕೊಳ್ಳುವ ಬೆಲೆ ಬಾಡಿಗೆಯ ಹತ್ತಿರಕ್ಕೆ ಇಳಿದ ಮೇಲೆ ಬಾಡಿಗೆಗೆ ಯಾರು ಬಂದಾರು? ಅಣ್ಣನ ಅಂಗಡಿ ಈಗ ಜೆರಾಕ್ಸ್, ಮೊಬೈಲ್ ರೀಚಾರ್ಜ್. ಹಲಗೆಗಳು ಮಾತ್ರ ಹಾಗೇ ಇವೆ. ಕ್ಯಾಸೆಟ್ಟಿನ ಅಳತೆಯವು, ಬೇರೇನೂ ಸರಿಯಾಗಿ ಕೂರುವುದಿಲ್ಲ.

ಅಧ್ಯಾಯ 7: ಸಂರಕ್ಷಣೆ, ಮತ್ತು ತಪ್ಪೊಪ್ಪಿಗೆ

ಹೊರಗಿನವರು ಏನು ಮಾಡಿದರು ನೋಡೋಣ. ನ್ಯೂಯಾರ್ಕಿನಲ್ಲಿ ಕೊರಿಯಾ ಮೂಲದವರೊಬ್ಬರು ತಮ್ಮ ಡ್ರೈಕ್ಲೀನಿಂಗ್ ಅಂಗಡಿಯ ಮೂಲೆಯಲ್ಲಿ ಕ್ಯಾಸೆಟ್ಟು ಇಟ್ಟು ಶುರುಮಾಡಿದ ‘ಕಿಮ್ಸ್ ವಿಡಿಯೊ’ ಮುಚ್ಚುವಾಗ, ಅದರ ಸುಮಾರು 55 ಸಾವಿರ ಪಿಚ್ಚರುಗಳನ್ನು 2009ರಲ್ಲಿ ಇಟಲಿಯ ಸಿಸಿಲಿ ದ್ವೀಪದ ಸಲೇಮಿ ಎಂಬ ಸಣ್ಣ ಊರಿಗೆ ಕಳಿಸಿಕೊಟ್ಟರು. ಊರಿನವರು ದೊಡ್ಡ ದೊಡ್ಡ ಮಾತು ಕೊಟ್ಟು, ಪೆಟ್ಟಿಗೆಗಳನ್ನು ಇಟ್ಟು ಮರೆತರು. ಕೊನೆಗೆ ಅವು ಮತ್ತೆ ನ್ಯೂಯಾರ್ಕಿಗೇ ಬಂದದ್ದು 2022ರಲ್ಲಿ. ನಮ್ಮ ಕ್ಯಾಸೆಟ್ಟುಗಳನ್ನು ಯಳಂದೂರಿಗೆ ಕಳಿಸಿ ಬಳೆ ಮಂಟಪದ ಪಕ್ಕ ಇಡಬಹುದೆಂದು ಸೂಚಿಸಬೇಕೆಂದಿದ್ದೆ. ಕಳಿಸಲು ಕ್ಯಾಸೆಟ್ಟೇ ಇಲ್ಲ. ಅಂಗಡಿಗೆ ನಿಯತ್ತಾಗಿ ಹಿಂದಿರುಗಿಸಿದ ಕ್ಯಾಸೆಟ್ಟುಗಳೆಲ್ಲ ಮದುವೆಯಾದವು, ಬೂಷ್ಟು ಹಿಡಿದವು, ತೂಕಕ್ಕೆ ಗುಜರಿಗೆ ಹೋದವು. ಟೇಪು ಗದ್ದೆಯಲ್ಲಿ ಹಕ್ಕಿ ಓಡಿಸಲು ಕಟ್ಟಿದ್ದನ್ನು ನಾನೇ ಕಂಡಿದ್ದೇನೆ. ಉಳಿದಿರುವುದು ಯಾರ ಬಳಿ? ಹಿಂದಿರುಗಿಸದವರ ಬಳಿ. ಆದ್ದರಿಂದ ಈ ಪ್ರಬಂಧದ ಮುಖ್ಯ ಪ್ರತಿಪಾದನೆ: ನಮ್ಮ ಸೀಮೆಯ ವಿಡಿಯೊ ಸಂಸ್ಕೃತಿಯ ನಿಜವಾದ ಸಂರಕ್ಷಕರು ಕ್ಯಾಸೆಟ್ಟು ವಾಪಸ್ ಕೊಡದ ಕಳ್ಳರು.

ನಾನು ಅಂಥ ಸಂರಕ್ಷಕರಲ್ಲಿ ಒಬ್ಬ. 1995ರ ಜನವರಿ 14, ಸಂಕ್ರಾಂತಿಯ ದಿನ, ಪಿಯುಸಿ ಓದುತ್ತಿದ್ದ ನಾನು ಒಂದು ದಿನದ ಮಟ್ಟಿಗೆ ಒಂದು ಕ್ಯಾಸೆಟ್ಟು ತಂದೆ. ಪಿಚ್ಚರಿನ ಹೆಸರು ‘ಆಕಸ್ಮಿಕ’. ಅದು ನನ್ನ ಬಳಿ ಉಳಿದದ್ದೂ ಹಾಗೆಯೇ. ಮನೆ ಬದಲಾಯಿಸುವಾಗ ಅಟ್ಟ ಸೇರಿತು. ಈ ಪ್ರಬಂಧ ಬರೆಯಲು ಕೂತಾಗ ಮನಸ್ಸು ಚುಚ್ಚಿ, 2025ರ ಸಂಕ್ರಾಂತಿಗೆ ಲೆಕ್ಕ ಹಾಕಿದೆ. ತಡವಾದದ್ದು 10,957 ದಿನ. ಅಂದಿನ ದಂಡ ದಿನಕ್ಕೆ 5 ರೂಪಾಯಿಯಂತೆ 54,785. ಅಷ್ಟು ದುಡ್ಡಿಗೆ ಕೊಳ್ಳೇಗಾಲದಲ್ಲಿ ಒಳ್ಳೆಯ ರೇಷ್ಮೆ ಸೀರೆಗಳೇ ಬರುತ್ತವೆ ಎಂದು ಮನೆಯವಳು ಹೇಳಿದಳು. ಅಣ್ಣನ ಬಳಿಗೆ ಹೋಗಿ ಕ್ಯಾಸೆಟ್ಟು ಮುಂದಿಟ್ಟು, ಲೆಕ್ಕದ ಚೀಟಿ ಕೊಟ್ಟೆ.

ಅವರು ಚೀಟಿ ಓದಲಿಲ್ಲ. ‘ದುಡ್ಡು ಬ್ಯಾಡಿ ಬುಡಿ ಮೇಷ್ಟ್ರೇ’ ಎಂದು ಕ್ಯಾಸೆಟ್ಟನ್ನು ಎತ್ತಿ, ಕನ್ನಡಕ ಹಣೆಗೇರಿಸಿ, ಬೆಳಕಿಗೆ ಹಿಡಿದು ಕಿಟಕಿಯಲ್ಲಿ ಇಣುಕಿ ನೋಡಿದರು. ಸುತ್ತೆಲ್ಲ ಬಲಗಡೆಗೆ ತುಂಬಿಕೊಂಡಿತ್ತು.

‘ಸುತ್ತೇ ಇಲ್ವಲ್ಲ ಮೇಷ್ಟ್ರೇ?’ ಎಂದರು. ಬೋರ್ಡು ಈಗ ಅಲ್ಲಿಲ್ಲ, ಇದ್ದ ಜಾಗದ ಕಡೆ ತೋರಿಸಿದರು. ‘ಸುತ್ಕಂಡು ತನ್ನಿ.’ ಕ್ಯಾಸೆಟ್ಟನ್ನು ನನ್ನತ್ತ ಸರಿಸಿ, ಆಧಾರ್ ಜೆರಾಕ್ಸಿಗೆ ನಿಂತಿದ್ದವರ ಕಡೆ ತಿರುಗಿದರು.

ಅವರ ಬಳಿ ಮೆಷಿನ್ನು ಇಲ್ಲ, ನನ್ನ ಬಳಿಯೂ ಇಲ್ಲ. ಲೋಕದಲ್ಲಿ ಕೊನೆಯವರೆಗೂ ವಿಸಿಆರ್ ಮಾಡುತ್ತಿದ್ದ ಜಪಾನಿನ ಫುನೈ ಕಂಪನಿಯೂ 2016ರ ಜುಲೈಗೆ ನಿಲ್ಲಿಸಿತು. ಹಾಡಿನ ಕ್ಯಾಸೆಟ್ಟಿನಂತೆ ಪೆನ್ಸಿಲ್ಲು ತೂರಿಸಿ ತಿರುಗಿಸೋಣವೆಂದರೆ ಇದರೊಳಗೆ ಬ್ರೇಕು ಇದೆ. ನೂಲು ಬಿಚ್ಚುವ ನೆಂಟರೊಬ್ಬರು ತಮ್ಮ ಚರಕಕ್ಕೆ ಹಾಕಿ ಸುತ್ತಿಕೊಡುತ್ತೇನೆ ಎಂದಿದ್ದಾರೆ. ಮೊದಲ ಅಧ್ಯಾಯದ ಸಿದ್ಧಾಂತದ ಮೇಲೆ ನನಗೆ ಎಷ್ಟೇ ನಂಬಿಕೆಯಿದ್ದರೂ ಅಷ್ಟು ಧೈರ್ಯ ಬರುತ್ತಿಲ್ಲ. ಕೊಳ್ಳೇಗಾಲ, ಹನೂರು, ಯಳಂದೂರು ಕಡೆಯ ಓದುಗರಲ್ಲಿ ಯಾರ ಮನೆಯ ಅಟ್ಟದ ಮೇಲಾದರೂ ಓಡುವ ವಿಸಿಪಿ ಇದ್ದರೆ ದಯವಿಟ್ಟು ತಿಳಿಸಿ. ಹತ್ತು ನಿಮಿಷದ ಕೆಲಸ. ಕರೆಂಟಿನ ದುಡ್ಡು ನಾನೇ ಕೊಡುತ್ತೇನೆ.